ನಾಲ್ಕನೇ ದೀಪಕ್ಕೇ ಕತ್ತಲಾದ ಕನ್ನಡಿ: ಒಂದು ದೂರು

ಇವರಿಗೆ,
ದೂರು ಪರಿಹಾರ ಅಧಿಕಾರಿಗಳು,
ಆನ್‌ಲೈನ್ ಕನ್ನಡಿ ಮಾರಾಟ ವಿಭಾಗ

ವಿಷಯ: ‘ಕೊನೆಯಿಲ್ಲದ ಪ್ರತಿಬಿಂಬ’ದ ಕನ್ನಡಿ ಎಂದು ಹೇಳಿ ಬೇರೆಯದನ್ನು ಕಳಿಸಿರುವ ಬಗ್ಗೆ.

ಮಾನ್ಯರೇ,

ಆರು ಸಲ ಫೋನ್ ಮಾಡಿದ್ದೇನೆ. ಮೂರು ಮೇಲ್ ಹಾಕಿದ್ದೇನೆ. ಇಷ್ಟು ದಿನ ಮರ್ಯಾದೆಯಿಂದಲೇ ಮಾತಾಡಿದೆ. ನಿಮ್ಮ ಹುಡುಗ ನನ್ನ ಮಕ್ಕಳ ಮುಂದೆ ಆಡಿದ ಮಾತು ಕೇಳಿದ ಮೇಲೆ ಈ ಕಾಗದ ಬರೆಯುತ್ತಿದ್ದೇನೆ.

ನಾನು ತುಮಕೂರಿನಲ್ಲಿ ಮಕ್ಕಳಿಗೆ ನಾಟಕ ಕಲಿಸುತ್ತೇನೆ. ಈ ಸಲದ ಶಿಬಿರಕ್ಕೆ ನಾನೇ ಒಂದು ನಾಟಕ ಬರೆದೆ. ಅದು ನಡೆಯುವುದು ಮಿಣುಕೂರು ಎಂಬ ಊರಿನಲ್ಲಿ. ಅಲ್ಲಿ ಸೂರ್ಯ ಇಲ್ಲ. ಮನೆಮನೆಯಲ್ಲೂ ಎರಡು ಕನ್ನಡಿ ಎದುರುಬದುರು ನಿಂತಿರುತ್ತವೆ. ನಡುವೆ ಒಂದು ದೀಪ ಹಚ್ಚಿದರೆ ಅದೇ ಸಾವಿರ ದೀಪವಾಗುತ್ತದೆ. ಹನ್ನೆರಡನೇ ದೀಪದ ಹಿಂದೆ ತೀರಿಹೋದವರು ಕೂತಿರುತ್ತಾರೆ. ಅಜ್ಜಿಯನ್ನು ಕಳೆದುಕೊಂಡ ಹುಡುಗಿಯೊಬ್ಬಳು ಒಂದೊಂದೇ ದೀಪ ಎಣಿಸುತ್ತಾ ಹೋಗುತ್ತಾಳೆ. ಹನ್ನೆರಡು ಅಂದ ಕೂಡಲೇ ಒಳಗಿನಿಂದ ಅಜ್ಜಿ ‘ಊಟ ಆಯ್ತಾ ಮಗಾ?’ ಅನ್ನುತ್ತಾಳೆ. ಇಡೀ ನಾಟಕ ಆ ಎಣಿಕೆಯ ಮೇಲೆ ನಿಂತಿದೆ.

ರಂಗದ ಮೇಲೆ ಎರಡು ಕನ್ನಡಿ ಎದುರುಬದುರು ಇಟ್ಟರೆ ಕೂತವರಿಗೆ ಒಂದರ ಬೆನ್ನೇ ಕಾಣುತ್ತದೆ. ಅದಕ್ಕೇ ನಿಮ್ಮ ಕನ್ನಡಿ ಆರಿಸಿದ್ದು. ಹಿಂದೆ ಪೂರ್ತಿ ಕನ್ನಡಿ, ಮುಂದೆ ಮುಕ್ಕಾಲು ಪಾಲು ಬೆಳಕನ್ನು ವಾಪಸ್ ಕಳಿಸುವ ಗಾಜು, ನಡುವೆ ಎಲ್‌ಇಡಿ ಪಟ್ಟಿ, 20 ಸಾಲು ಸ್ಪಷ್ಟವಾಗಿ ಕಾಣುತ್ತದೆ ಎಂದು ನೀವೇ ಬರೆದಿದ್ದೀರಿ. 6,800 ರೂಪಾಯಿ ಕೊಟ್ಟೆವು. ಮಕ್ಕಳ ಮನೆಯವರು ಸೇರಿ ಹಾಕಿದ ದುಡ್ಡು ಅದು.

ನಿಜವಾಗಿ ಕೊನೆಯೇ ಇಲ್ಲದ ಬಿಂಬ ಯಾವ ಕನ್ನಡಿಯಲ್ಲೂ ಇರಲ್ಲ. ಅದು ನನಗೂ ಗೊತ್ತು. ಸುತ್ತು ಸುತ್ತಿಗೂ ಸ್ವಲ್ಪ ಬೆಳಕು ಸೋರಿಹೋಗುತ್ತದೆ. ಗಾಜಿನೊಳಗೆ ಹಾದು ಹಾದು ಉಳಿದದ್ದು ಹಸಿರಿಗೆ ತಿರುಗುತ್ತದೆ. ಆ ಹಸಿರು ನನಗೆ ಬೇಕಿತ್ತು. ಮಿಣುಕೂರಿನ ಅಜ್ಜಿ ಬರಬೇಕಾದದ್ದೇ ಆ ಬೆಳಕಿನಲ್ಲಿ.

ನೀವು ಕಳಿಸಿದ್ದರ ಮುಂಭಾಗ ಗಾಜೇ ಅಲ್ಲ. ಪ್ಲಾಸ್ಟಿಕ್ ಹಾಳೆ. ಇಲ್ಲಿನ ಗಾಜಿನಂಗಡಿಯವರು ಉಗುರಲ್ಲಿ ಕೆರೆದು ನೋಡಿ, ‘ಕಾರಿನ ಕಿಟಕಿಗೆ ಹಾಕೋ ಕಪ್ಪು ಫಿಲ್ಮ್ ಕಣಮ್ಮ ಇದು’ ಅಂದರು. ಅದು ಬೆಳಕನ್ನು ವಾಪಸ್ ಕಳಿಸುವುದಕ್ಕಿಂತ ನುಂಗುವುದೇ ಜಾಸ್ತಿ. ಹಾಳೆ ನಡುವೆ ಉಬ್ಬಿದೆ, ಹಾಗಾಗಿ ದೀಪದ ಸಾಲು ನೇರ ಹೋಗದೆ ಪಕ್ಕಕ್ಕೆ ಬಾಗುತ್ತದೆ. ಒಂದು, ಎರಡು, ಮೂರು, ನಾಲ್ಕು. ಆಮೇಲೆ ಕತ್ತಲು.

ಮಂಗಳವಾರ ತಾಲೀಮಿನ ಹೊತ್ತಿಗೆ ನಿಮ್ಮ ಕರೆ ಬಂತು. ನನ್ನ ಎರಡೂ ಕೈ ಕನ್ನಡಿ ಹಿಡಿದಿದ್ದವು. ಸ್ಪೀಕರ್ ಹಾಕಿಸಿದೆ. ಸುತ್ತ ಹದಿನಾಲ್ಕು ಮಕ್ಕಳು.

‘ಮೇಡಂ, ಪ್ರತಿಬಿಂಬ ಕಾಣ್ತಿದೆಯಾ ಇಲ್ವಾ?’

‘ನಾಲ್ಕು ಕಾಣ್ತಿದೆ.’

‘ಕಾಣ್ತಿದೆ ಅಲ್ವಾ? ಹಾಗಾದ್ರೆ ಸರಿಯಾಗೇ ಇದೆ.’

‘ನಿಮ್ಮ ಪುಟದಲ್ಲಿ 20 ಅಂತಿದೆ. ನನಗೆ 12 ಸಾಕು.’

ಸ್ವಲ್ಪ ಹೊತ್ತು ಹಾಡು ಹಾಕಿದರು. ಮತ್ತೆ ಬಂದು, ‘ಬೆರಳಿಟ್ಟು ಎಣಿಸಿ ಮೇಡಂ. ಜೋರಾಗಿ. ಕಾಲ್ ರೆಕಾರ್ಡ್ ಆಗ್ತಿದೆ’ ಅಂದರು. ಎಣಿಸಿದೆ. ‘ಕೇಳಿಸ್ಲಿಲ್ಲ, ಇನ್ನೊಂದ್ಸಲ.’ ಎಣಿಸಿದೆ. ‘ಲೈಟ್ ಆರಿಸಿ ಎಣಿಸಿ.’ ಆರಿಸಿ ಎಣಿಸಿದೆ. ಮೂರು ಸಲವೂ ನಾಲ್ಕೇ. ಆ ಕಡೆ ಪಕ್ಕದಲ್ಲಿ ಯಾರೋ ನಕ್ಕಿದ್ದು ಇಲ್ಲಿ ಎಲ್ಲರಿಗೂ ಕೇಳಿಸಿತು.

‘ಯಾತಕ್ಕೆ ಮೇಡಂ ಇದು?’

‘ಮಕ್ಕಳ ನಾಟಕಕ್ಕೆ.’

‘ನಾಟಕಕ್ಕಾ! ಥರ್ಮೋಕೋಲ್‌ಗೆ ಬೆಳ್ಳಿ ಕಾಗದ ಅಂಟಿಸ್ಕೊಳ್ಳಿ. ನಾಟಕ ಅಂದ್ಮೇಲೆ ಎಲ್ಲಾ ಸುಳ್ಳೇ ತಾನೇ?’

ಕರೆ ಕಟ್ ಆಯಿತು. ಅಜ್ಜಿ ಪಾತ್ರದ ಹುಡುಗಿಗೆ ಒಂಬತ್ತು ವರ್ಷ. ‘ಮಿಸ್, ನಮ್ಮ ನಾಟಕ ಸುಳ್ಳಾ?’ ಅಂತ ಕೇಳಿದಳು.

ಗುಬ್ಬಿ ನಮ್ಮ ಪಕ್ಕದ ತಾಲ್ಲೂಕು. 1884ರಲ್ಲಿ ಅಲ್ಲಿ ಹುಟ್ಟಿದ ನಾಟಕ ಕಂಪನಿ ಮುಂದೆ ‘ಕುರುಕ್ಷೇತ್ರ’ ಆಡುವಾಗ ನಿಜವಾದ ಆನೆ ಕುದುರೆಗಳನ್ನೇ ರಂಗಕ್ಕೆ ತಂದಿತ್ತು. ಗುಬ್ಬಿ ವೀರಣ್ಣನವರ ಸೀಮೆಯ ಮಕ್ಕಳಿಗೆ ಒಂದು ನಿಜವಾದ ಕನ್ನಡಿ ಬೇಕು ಅನ್ನಿಸಿದ್ದು ದೊಡ್ಡ ಆಸೆಯಾ?

ಭಾನುವಾರ ಪ್ರದರ್ಶನ ಆಯಿತು. ನಾಲ್ಕು ದೀಪ ಕನ್ನಡಿಯಲ್ಲಿ. ಉಳಿದ ಎಂಟಕ್ಕೆ ಎಂಟು ಮಕ್ಕಳು ಹಣತೆ ಹಿಡಿದು ಕತ್ತಲಲ್ಲಿ ಸಾಲಾಗಿ ನಿಂತರು. ಅಜ್ಜಿ ಬಂದಳು.

ಇನ್ನು ನಿಮ್ಮ ವಿಷಯ. 2020ರ ಇ-ಕಾಮರ್ಸ್ ನಿಯಮ ನಿಮಗೆ ಗೊತ್ತಿರಲೇಬೇಕು. ದೂರು ತಲುಪಿದೆ ಎಂದು 48 ಗಂಟೆಯೊಳಗೆ ತಿಳಿಸಬೇಕು, ಒಂದು ತಿಂಗಳೊಳಗೆ ಪರಿಹರಿಸಬೇಕು. ಹೇಳಿದಂತೆ ಇಲ್ಲದ ವಸ್ತುವನ್ನು ವಾಪಸ್ ತೆಗೆದುಕೊಳ್ಳಲ್ಲ ಅನ್ನುವ ಹಾಗಿಲ್ಲ. ನನ್ನ ಮೊದಲ ಮೇಲ್‌ಗೆ ಇಂದಿಗೆ 37 ದಿನ. ಒಂದು ಸಾಲು ಉತ್ತರ ಇಲ್ಲ.

2019ರ ಗ್ರಾಹಕ ಸಂರಕ್ಷಣಾ ಕಾಯ್ದೆ ಪ್ರಕಾರ ನಾನು ಇರುವ ಊರಿನಲ್ಲೇ ದೂರು ಹಾಕಬಹುದು. ಇಷ್ಟು ಮೊತ್ತಕ್ಕೆ ಶುಲ್ಕವಿಲ್ಲ, ವಕೀಲರೂ ಬೇಕಿಲ್ಲ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಆಗಲೇ ಕರೆ ಮಾಡಿದ್ದೇನೆ. ಜಿಲ್ಲಾ ಗ್ರಾಹಕ ಆಯೋಗಕ್ಕೆ ಕೊಡುವ ಅರ್ಜಿಯೂ ಬರೆದಾಗಿದೆ. ಈಗ ನೀವು ದುಡ್ಡು ವಾಪಸ್ ಕೊಟ್ಟರೂ ಅದನ್ನು ಹರಿಯುವುದಿಲ್ಲ.

ನಿಮ್ಮ ಕನ್ನಡಿಯನ್ನು ಗೋಣಿಚೀಲದಲ್ಲಿ ಸುತ್ತಿ ಇಟ್ಟಿದ್ದೇನೆ. ವಿಚಾರಣೆಯ ದಿನ ಹೊತ್ತು ತರುತ್ತೇನೆ. ನಿಮ್ಮ ಕಡೆಯವರು ಬಂದು, ಬೆರಳಿಟ್ಟು, ಎಲ್ಲರಿಗೂ ಕೇಳುವ ಹಾಗೆ ಎಣಿಸಲಿ. ಹದಿನಾಲ್ಕು ಮಕ್ಕಳನ್ನೂ ಕರೆತರುತ್ತೇನೆ.

ಇಂತಿ,
ಮಕ್ಕಳ ನಾಟಕದ ಮಿಸ್,
ತುಮಕೂರು