ಅಪ್ಪನ ಕಾಲ್ಬೆರಳು ಮೊದಲು, ಸ್ಕೋನ್ ಆಮೇಲೆ

ಬ್ರಿಸ್ಬೇನ್

ಅಮ್ಮನಿಗೆ ನಮಸ್ಕಾರ.

ನಾವೆಲ್ಲ ಚೆನ್ನಾಗಿದ್ದೇವೆ. ನಿನ್ನ ಪತ್ರ ಬಂತು. ಫೋನಲ್ಲಿ ಹೇಳಿದರೆ ಅಪ್ಪನ ಕಿವಿಗೆ ಬೀಳುತ್ತದೆ ಅಂತ ಬರೆದಿದ್ದೀಯ. ಅದಕ್ಕೇ ನಾನೂ ಬರೆಯುತ್ತಿದ್ದೇನೆ. ಓದಿ ರಘುವಿಗೂ ಕೊಡು.

ಎರಡು ಪುಟ ಪೂರ್ತಿ ಕುಂಬಳಕಾಯಿ ಸ್ಕೋನ್, ಅದೇ ಆ ಪುಟ್ಟ ಬನ್ನಿನಂಥ ತಿಂಡಿ, ಮಾಡುವುದು ಹೇಗೆ ಅಂತ ಕೇಳಿ, ಕಟ್ಟಕಡೆಗೆ ಒಂದೇ ಸಾಲು ಬರೆದಿದ್ದೀಯ. ಅಪ್ಪನ ಕಾಲ್ಬೆರಳಿನ ಗಾಯ ಇನ್ನೂ ಒಣಗಿಲ್ಲ ಅಂತ. ಅಮ್ಮ, ಅದನ್ನಲ್ವಾ ಮೊದಲು ಬರೆಯಬೇಕಿದ್ದು? ಚಪ್ಪಲಿ ಕಚ್ಚಿದ್ದು ಯುಗಾದಿಯಲ್ಲಿ. ಸಕ್ಕರೆ ಕಾಯಿಲೆ ಇರುವವರಿಗೆ ಕಾಲಿನ ನರ ಮಂದವಾಗಿ ನೋವೇ ಗೊತ್ತಾಗದೆ ಇರಬಹುದು. ‘ನೋವಿಲ್ಲ ಬಿಡು’ ಅಂತ ಅವರು ಅಂದರೆ ಸುಮ್ಮನಾಗಬೇಡ. ಗಾಬರಿ ಪಡಬೇಡ. ಆದರೆ ಈ ವಾರವೇ ಡಾಕ್ಟರಿಗೆ ತೋರಿಸಿ.

ಇನ್ನು ಸ್ಕೋನ್ ವಿಷಯ. ದೊಡ್ಡಪ್ಪ ಇದನ್ನು ಬ್ರಿಟಿಷರ ತಿಂಡಿ ಅಂತ ನಕ್ಕರಂತೆ. ನಗಲಿ. ಸ್ಕೋನ್ ಅವರದ್ದೇ ಇರಬಹುದು, ಕುಂಬಳಕಾಯಿ ಸ್ಕೋನ್ ಮಾತ್ರ ಆಸ್ಟ್ರೇಲಿಯಾದ ನಮ್ಮ ಈ ಕ್ವೀನ್ಸ್‌ಲ್ಯಾಂಡ್ ರಾಜ್ಯದವರ ಹೆಮ್ಮೆ. ಇಲ್ಲಿ ಜೋ ಬಿಯೆಲ್ಕೆ ಪೀಟರ್ಸನ್ ಅಂತ ಒಬ್ಬರು 1968ರಿಂದ 1987ರವರೆಗೆ ಪ್ರೀಮಿಯರ್ ಆಗಿದ್ದರು, ನಮ್ಮ ಮುಖ್ಯಮಂತ್ರಿ ಇದ್ದ ಹಾಗೆ. ಅವರ ಹೆಂಡತಿ ಫ್ಲೋ ಮಾಡುತ್ತಿದ್ದ ಕುಂಬಳಕಾಯಿ ಸ್ಕೋನ್ ದೇಶಕ್ಕೆಲ್ಲ ಗೊತ್ತು. ಆಕೆ ತಾವೇ 1981ರಿಂದ 1993ರವರೆಗೆ ಸೆನೆಟರ್ ಆಗಿದ್ದವರು, ನಮ್ಮ ರಾಜ್ಯಸಭೆ ಸದಸ್ಯರ ಹಾಗೆ. ಆದರೂ ಜನ ನೆನಪಿಟ್ಟುಕೊಂಡಿರುವುದು ಸ್ಕೋನನ್ನು. ಗಿರಿಗೆ ಇದು ಅನ್ಯಾಯ ಅನಿಸುತ್ತದೆ, ನನಗೇನೂ ಅನಿಸುವುದಿಲ್ಲ. ಸೆನೆಟರುಗಳು ಎಷ್ಟೋ ಜನ ಬಂದು ಹೋಗುತ್ತಾರೆ. ಆಗಸ್ಟಿನಲ್ಲಿ ಇಲ್ಲಿ ಎಕ್ಕಾ ಅಂತ ದೊಡ್ಡ ಕೃಷಿ ಜಾತ್ರೆ ನಡೆಯುತ್ತದೆ. ಅಲ್ಲಿ ದನಗಳಿಗೆ ಬಹುಮಾನ ಕೊಡುವ ಹಾಗೆ ಮನೆಯಲ್ಲಿ ಬೇಯಿಸಿ ತಂದ ತಿಂಡಿಗೂ ಕೊಡುತ್ತಾರೆ!

ಮಾಡುವುದು ಕಷ್ಟವಿಲ್ಲ. ಸಿಹಿಗುಂಬಳವನ್ನು ನೀರಿನಲ್ಲಿ ಬೇಯಿಸಬೇಡ, ಹಬೆಯಲ್ಲಿ ಬೇಯಿಸು. ನೀರು ಕುಡಿದರೆ ಹಿಟ್ಟು ಅಂಟಂಟಾಗುತ್ತದೆ, ಆಮೇಲೆ ಮೈದಾ ಸುರಿಯುತ್ತಾ ಕೂರಬೇಕು. ಕಿವುಚಿ ಪೂರ್ತಿ ಆರಲು ಬಿಡು. ಬಿಸಿ ಇದ್ದರೆ ಬೆಣ್ಣೆ ಕರಗಿಬಿಡುತ್ತದೆ. ಇಲ್ಲಿ ಬೇಕಿಂಗ್ ಪೌಡರ್ ಸೇರಿಸಿದ ಹಿಟ್ಟೇ ಸಿಗುತ್ತದೆ. ನೀನು ಎರಡು ಕಪ್ ಮೈದಾಕ್ಕೆ ನಾಲ್ಕು ಟೀ ಚಮಚ ಬೇಕಿಂಗ್ ಪೌಡರ್, ಚಿಟಿಕೆ ಉಪ್ಪು ಹಾಕಿ ಜರಡಿ ಹಿಡಿ. ಎರಡು ದೊಡ್ಡ ಚಮಚ ತಣ್ಣನೆಯ ಬೆಣ್ಣೆ ಹಾಕಿ, ಹಿಟ್ಟು ರವೆಯ ಹಾಗೆ ಆಗುವವರೆಗೆ ಬೆರಳ ತುದಿಯಲ್ಲಿ ಉಜ್ಜು. ಒಂದು ಕಪ್ ಕುಂಬಳ, ಎರಡು ಚಮಚ ಸಕ್ಕರೆ, ಒಂದು ಹಿಡಿ ಒಣದ್ರಾಕ್ಷಿ ಸೇರಿಸು. ಇಲ್ಲಿಯವರು ಮೊಟ್ಟೆ ಹಾಕುತ್ತಾರೆ. ನಿನಗೆ ಬೇಡ, ಸ್ವಲ್ಪ ಮಜ್ಜಿಗೆ ಸಾಕು.

ಮುಖ್ಯವಾದದ್ದು ಇದು: ನಾದಬೇಡ. ಚಪಾತಿ ಹಿಟ್ಟು ನಾದುವ ನಿನ್ನ ಕೈ ಸುಮ್ನೆ ಇರಲ್ಲ, ನನಗೆ ಗೊತ್ತು. ನಾದಿದರೆ ಸ್ಕೋನ್ ಗಟ್ಟಿಯಾಗುತ್ತದೆ. ಒತ್ತಿ ಕೂಡಿಸು, ಅಷ್ಟೇ. ಎರಡು ಬೆರಳಿನಷ್ಟು ದಪ್ಪ ತಟ್ಟಿ ಲೋಟದ ಬಾಯಿಂದ ನೇರ ಕತ್ತರಿಸು, ತಿರುಚಬೇಡ. ತಿರುಚಿದರೆ ಒಂದು ಕಡೆಗೆ ವಾಲಿಕೊಂಡು ಏಳುತ್ತವೆ. ಒಂದಕ್ಕೊಂದು ತಾಗುವ ಹಾಗೆ ಇಟ್ಟರೆ ಮೇಲಕ್ಕೆ ಉಬ್ಬುತ್ತವೆ. ಹೊರಗೆ ಇಣುಕುವ ದ್ರಾಕ್ಷಿಯನ್ನು ಒಳಗೆ ತಳ್ಳು, ಇಲ್ಲದಿದ್ದರೆ ಕರಟಿ ಕಹಿಯಾಗುತ್ತದೆ. ರಘುವಿನ ಓಟಿಜಿ ಓವನ್ನನ್ನು ಮೊದಲೇ 220 ಡಿಗ್ರಿಗೆ ಕಾಯಿಸಿಕೋ. ಹನ್ನೆರಡರಿಂದ ಹದಿನೈದು ನಿಮಿಷ ಸಾಕು. ಕ್ಯಾರೆಟ್ ತುರಿ ಹಾಕಿದರೂ ಚೆನ್ನಾಗಿರುತ್ತದೆ. ನಾನು ಕ್ಯಾರೆಟ್ ಜೊತೆ ಖರ್ಜೂರ ಹಾಕುತ್ತೇನೆ, ಪುಟ್ಟಿಗೆ ಅದೇ ಇಷ್ಟ.

ಆದರೆ ಇದನ್ನು ಮಾಡಿ ಅಪ್ಪನ ಮುಂದೆ ಇಡಬೇಡ ಅಮ್ಮ. ‘ತರಕಾರಿ ಬನ್ನು, ಇದರಲ್ಲಿ ಸಕ್ಕರೆ ಎಲ್ಲಿದೆ’ ಅಂದರಂತಲ್ಲ, ಇದೆ ಅಂತ ಹೇಳು. ಮೈದಾ ಹೊಟ್ಟೆಗೆ ಹೋದರೆ ಬೇಗ ಸಕ್ಕರೆಯೇ ಆಗುತ್ತದೆ. ದ್ರಾಕ್ಷಿ ಒಣಗಿದಾಗ ನೀರು ಹೋಗುತ್ತದೆ, ಸಕ್ಕರೆ ಹೋಗುವುದಿಲ್ಲ. ನೂರು ಗ್ರಾಂ ಒಣದ್ರಾಕ್ಷಿಯಲ್ಲಿ ಸುಮಾರು ಅರವತ್ತು ಗ್ರಾಂ ಸಕ್ಕರೆಯೇ. ಖರ್ಜೂರವೂ ಕಡಿಮೆಯೇನಲ್ಲ. ಡಾಕ್ಟರು ಹೂಂ ಅಂದಮೇಲೆ ಆಸೆಗೆ ಅರ್ಧ ತಿನ್ನಲಿ. ರಕ್ತ ಪರೀಕ್ಷೆಗೆ ಎರಡು ದಿನ ಮುಂಚೆ ಸಿಹಿ ಬಿಡುವ ಅವರ ಉಪಾಯ ನಡೆಯುವುದಿಲ್ಲ. ಎಚ್‌ಬಿಎ1ಸಿ ಅನ್ನುವ ರಕ್ತ ಪರೀಕ್ಷೆ ಮಾಡಿಸಿದರೆ ಎರಡು ಮೂರು ತಿಂಗಳ ಸಕ್ಕರೆಯ ಲೆಕ್ಕ ಆಚೆಗೆ ಬರುತ್ತದೆ. ಅದನ್ನೂ ಮಾಡಿಸು.

ಗಾಯಕ್ಕೆ ಅರಿಶಿನ ಮೆತ್ತಬೇಡ, ಬಿಸಿನೀರಿನಲ್ಲಿ ಕಾಲು ಇಳಿಬಿಡಲು ಬಿಡಬೇಡ. ಅಂಗಳಕ್ಕೂ ಬರಿಗಾಲಲ್ಲಿ ಹೋಗುವುದು ಬೇಡ. ದಿನಾ ಬೆರಳ ಸಂದಿ ನೋಡು. ಕೆಂಪಗೆ ಊದಿದರೆ, ಕೀವು ಕಂಡರೆ, ವಾಸನೆ ಬಂದರೆ ವಾರದ ಮಾತು ಬಿಟ್ಟು ಅವತ್ತೇ ಆಸ್ಪತ್ರೆಗೆ ಹೊರಡಿ. ಹೀಗೆಲ್ಲ ಬರೆದೆ ಅಂತ ಹೆದರಬೇಡ. ದುಡ್ಡಿನ ಯೋಚನೆ ಬೇಡ, ರಘುವಿನ ಅಕೌಂಟಿಗೆ ಹಾಕಿದ್ದೇನೆ. ನನ್ನ ಬಗ್ಗೆಯಂತೂ ಯೋಚನೆಯೇ ಬೇಡ. ಊಟ ಸರಿಯಾಗಿ ಮಾಡುತ್ತಿದ್ದೇನೆ, ಸ್ವಲ್ಪ ಜಾಸ್ತಿಯೇ.

ಪುಟ್ಟಿಯನ್ನು ಸ್ಕೂಲಿನಿಂದ ಕರೆತರುವ ಹೊತ್ತಾಯಿತು. ಡಾಕ್ಟರ್ ಹತ್ತಿರ ಹೋಗಿ ಬಂದ ತಕ್ಷಣ ಫೋನ್ ಮಾಡು. ನಾವು ನಾಲ್ಕೂವರೆ ಗಂಟೆ ಮುಂದೆ ಇದ್ದೇವೆ, ನಿಮಗೆ ರಾತ್ರಿ ಒಂಬತ್ತಾದರೆ ಇಲ್ಲಿ ಒಂದೂವರೆ. ಪರವಾಗಿಲ್ಲ, ಎಬ್ಬಿಸು.

ಸುಮ