ಕೊಠಡಿ ಬಾಡಿಗೆಯ ಜಿಎಸ್‌ಟಿ: ಸದಸ್ಯರ ಗಮನಕ್ಕೆ

ಮಾನ್ಯ ಸದಸ್ಯರೇ,

ದಿನಕ್ಕೆ 7,500 ರೂಪಾಯಿವರೆಗಿನ ಹೋಟೆಲ್ ಕೊಠಡಿಗಳ ಜಿಎಸ್‌ಟಿ 2025ರ ಸೆಪ್ಟೆಂಬರ್ 22ರಿಂದ ಶೇ 12ರಿಂದ ಶೇ 5ಕ್ಕೆ ಇಳಿದಿರುವುದು ದೇಶದ ಆತಿಥ್ಯೋದ್ಯಮಕ್ಕೆ ದೊಡ್ಡ ನೆರವೆಂದು ಮೇಲ್ನೋಟಕ್ಕೆ ಕಾಣುತ್ತದೆ. ಗ್ರಾಹಕರ ಮಟ್ಟಿಗೆ ಅದು ನಿಜ. 2,000 ರೂಪಾಯಿಯ ಕೊಠಡಿಗೆ 240ರ ಬದಲು 100 ರೂಪಾಯಿ ತೆರಿಗೆ. ಆದರೆ ಇದರೊಂದಿಗೆ ಇನ್‌ಪುಟ್ ಟ್ಯಾಕ್ಸ್ ಕ್ರೆಡಿಟ್ (ನಮ್ಮ ಖರೀದಿಗಳ ಮೇಲೆ ತೆತ್ತ ಜಿಎಸ್‌ಟಿಯನ್ನು ನಾವು ಸರ್ಕಾರಕ್ಕೆ ಕಟ್ಟಬೇಕಾದ ತೆರಿಗೆಯಲ್ಲಿ ಕಳೆದುಕೊಳ್ಳುವ ಸೌಲಭ್ಯ) ಕೈತಪ್ಪಿರುವುದರಿಂದ, ಕಟ್ಟಡದ ಬಾಡಿಗೆ, ಲಾಂಡ್ರಿ, ಆನ್‌ಲೈನ್ ಬುಕಿಂಗ್ ಕಂಪನಿಗಳ ಕಮಿಷನ್ ಇವುಗಳ ಮೇಲೆ ನಾವು ತೆರುವ ಶೇ 18ರ ತೆರಿಗೆ ಈಗ ನೇರವಾಗಿ ಖರ್ಚಿನ ಬಾಬತ್ತಿಗೇ ಸೇರುತ್ತದೆ. ಸ್ವಂತ ಕಟ್ಟಡದ ಸಣ್ಣ ಲಾಡ್ಜುಗಳು ಹೇಗೋ ತಾಳಿಕೊಂಡಾವು, ಬಾಡಿಗೆ ಕಟ್ಟಡದವರಿಗೆ ಕಷ್ಟ. ಹಳೆಯ ದರದಲ್ಲೇ ಕಟ್ಟಿ ಕ್ರೆಡಿಟ್ ಪಡೆಯುವ ಆಯ್ಕೆಯೂ ಇಲ್ಲ. 7,500 ದಾಟಿದ ಕೊಠಡಿಗಳಿಗೆ ಶೇ 18 ಮತ್ತು ಕ್ರೆಡಿಟ್ ಹಿಂದಿನಂತೆಯೇ ಇರುವುದರಿಂದ, ಎರಡೂ ಬಗೆಯ ಕೊಠಡಿಗಳುಳ್ಳವರು ಖರೀದಿ ಬಿಲ್ಲುಗಳನ್ನು ಬೇರ್ಪಡಿಸಿಟ್ಟು ಲೆಕ್ಕಪರಿಶೋಧಕರಿಗೆ ತೋರಿಸಬೇಕೆಂದು ವಿನಂತಿ.