ಯಾವ ಮೊಣಕಾಲು, ಡಾಕ್ಟ್ರೇ?

ಮಾನ್ಯ ಸಂಪಾದಕರೇ,

ಆಸ್ಪತ್ರೆಯ ಫೈಲ್‌ಗಳನ್ನು ಓದಿ, ಕಾಯಿಲೆಗೆ ತಕ್ಕ ಐಸಿಡಿ ಕೋಡ್, ಅಂದರೆ ಕಾಯಿಲೆಗಳಿಗೆ ಕೊಟ್ಟಿರುವ ಅಂತಾರಾಷ್ಟ್ರೀಯ ಗುರುತಿನ ಸಂಖ್ಯೆ, ಹಾಕುವುದು ನನ್ನ ಕೆಲಸ. ಕೋಡಿಂಗ್ ಅಂದ ಕೂಡಲೇ ಸಾಫ್ಟ್‌ವೇರ್ ಅಂದುಕೊಳ್ಳುವವರೇ ಜಾಸ್ತಿ, ಇರಲಿ. ವಿಮೆಯ ಕ್ಲೇಮ್, ರೋಗಗಳ ಲೆಕ್ಕ ಎಲ್ಲವೂ ಈ ಕೋಡ್‌ಗಳ ಮೇಲೇ ನಡೆಯುತ್ತವೆ. ಕೀಲಿನಲ್ಲಿ ಕೀವು ಕಟ್ಟುವ ಸೋಂಕಿನ ಫೈಲ್ ಬಂದಾಗಲೆಲ್ಲ ಒಂದೇ ತೊಂದರೆ. ಅದನ್ನು ಡಾಕ್ಟರುಗಳೂ ರೋಗಿಗಳೂ ಓದಲಿ ಅಂತ ಈ ಪತ್ರ.

ಈಚೆಗೆ ಬಂದ ಒಂದು ಫೈಲ್ ನೋಡಿ. ಡಿಸ್ಚಾರ್ಜ್ ಸಮ್ಮರಿಯಲ್ಲಿ ಕಾಯಿಲೆಯ ಹೆಸರಿನ ಮುಂದೆ 'ಸೆಪ್ಟಿಕ್ ನೀ' ಅಂತ ಎರಡೇ ಪದ, ಅಂದರೆ ಸೋಂಕಾಗಿ ಕೀವು ಕಟ್ಟಿದ ಮೊಣಕಾಲು. ಎಡವೋ ಬಲವೋ ಇಲ್ಲ. ದಾಖಲಾದ ದಿನದ ನೋಟ್‌ನಲ್ಲಿ ಎಡ ಮೊಣಕಾಲು ಅಂತಿದೆ. ಆಪರೇಷನ್ ನೋಟ್‌ನಲ್ಲಿ ಬಲ ಮೊಣಕಾಲಿನ ಕೀವು ತೊಳೆದಿದ್ದಾರೆ! ಕೀವಿನಲ್ಲಿ ಯಾವ ಬ್ಯಾಕ್ಟೀರಿಯಾ ಇದೆ ಅಂತ ಲ್ಯಾಬ್‌ನಲ್ಲಿ ಬೆಳೆಸಿ ನೋಡಿದ ಕಲ್ಚರ್ ರಿಪೋರ್ಟ್ ಫೈಲಿನ ಕಟ್ಟಕಡೆಯಲ್ಲಿತ್ತು. ಸ್ಟ್ಯಾಫಿಲೋಕಾಕಸ್ ಆರಿಯಸ್ ಅನ್ನುವ ಬ್ಯಾಕ್ಟೀರಿಯಾ, ಅದೂ ಮೆಥಿಸಿಲಿನ್ ಅನ್ನುವ ಆಂಟಿಬಯಾಟಿಕ್‌ಗೆ ಬಗ್ಗದ ಎಂಆರ್‌ಎಸ್‌ಎ. ರಿಪೋರ್ಟ್ ಬರುವ ಹೊತ್ತಿಗೆ ರೋಗಿ ಮನೆಗೆ ಹೋಗಿಯಾಗಿತ್ತು. ಡಾಕ್ಟರ ಬರಹದಲ್ಲಿ ಅದರ ಸುದ್ದಿಯೇ ಇಲ್ಲ.

ರಿಪೋರ್ಟ್ ಕಣ್ಣೆದುರೇ ಇದೆಯಲ್ಲ, ಕೋಡ್ ಹಾಕಿಬಿಡಿ ಅಂತೀರಾ? ಹಾಗೆ ಮಾಡುವಂತಿಲ್ಲ. ಸ್ಯಾಂಪಲ್ ತೆಗೆಯುವಾಗ ಚರ್ಮದ ಮೇಲಿನ ಬ್ಯಾಕ್ಟೀರಿಯಾ ಸೇರಿಕೊಳ್ಳುವುದೂ ಉಂಟು. ಸಿಕ್ಕಿದ್ದೇ ರೋಗದ ಕಾರಣವೋ ಅಲ್ಲವೋ ಅಂತ ಹೇಳಬೇಕಾದವರು ಡಾಕ್ಟರು, ನಾನಲ್ಲ. ಅವರು ಬರೆಯದಿದ್ದರೆ ನನ್ನ ಪಾಲಿಗೆ ಅದು ಇಲ್ಲ.

ಬರೆದರೆ ಎಷ್ಟು ವ್ಯತ್ಯಾಸ ಆಗುತ್ತದೆ ಗೊತ್ತಾ? ಅಮೆರಿಕದಲ್ಲಿ ಬಳಸುವ ಐಸಿಡಿ-10-ಸಿಎಂ ಪಟ್ಟಿಯಲ್ಲಿ ಸ್ಟ್ಯಾಫಿಲೋಕಾಕಸ್ ಸೋಂಕು ಬಲ ಮೊಣಕಾಲಿಗಾದರೆ ಎಂ00.061, ಎಡಕ್ಕಾದರೆ ಎಂ00.062. ಎಂಆರ್‌ಎಸ್‌ಎ ಅಂತ ಬರೆದಿದ್ದರೆ ಜೊತೆಗೆ ಬಿ95.62. ಕೂರಿಸಿದ ಕೃತಕ ಮೊಣಕಾಲಿಗೆ ಸೋಂಕಾದರೆ ದಾರಿಯೇ ಬೇರೆ, ಬಲಕ್ಕೆ ಟಿ84.53, ಎಡಕ್ಕೆ ಟಿ84.54. ಮೊಣಕಾಲಿನ ಕ್ಷಯವಾದರೆ ಎ18.02, ಗೊನೊರಿಯಾದಿಂದ ಬಂದದ್ದಾದರೆ ಎ54.42. ಸೋಂಕು ಮೈಯೆಲ್ಲಾ ಏರಿ ಸೆಪ್ಸಿಸ್ ಆಗಿದ್ದರೆ ಅದನ್ನು ಬಿಡಿಸಿಯೇ ಬರೆಯಬೇಕು, ನಾವು ಊಹಿಸಿಕೊಳ್ಳುವ ಹಾಗಿಲ್ಲ. ಏನೂ ಬರೆಯದಿದ್ದರೆ ಉಳಿಯುವುದು ಎಂ00.9. ಯಾವ ಕೀಲು, ಯಾವ ಬ್ಯಾಕ್ಟೀರಿಯಾ ಅನ್ನುವುದೊಂದನ್ನೂ ಹೇಳದ ಕೋಡ್ ಅದು. ವಿಮೆಯವರು ಮೊದಲು ಕೈ ಇಡುವುದೇ ಇಂಥದ್ದರ ಮೇಲೆ.

ಹಾಗಾಗಿ ಡಾಕ್ಟರಿಗೆ ಪ್ರಶ್ನೆ ಬರೆದು ಕಳಿಸುತ್ತೇವೆ. ಅಲ್ಲೂ 'ಇದು ಎಂಆರ್‌ಎಸ್‌ಎ ಅಲ್ವಾ ಸಾರ್?' ಅಂತ ಉತ್ತರ ಬಾಯಿಗಿಡುವಂತಿಲ್ಲ. ಕಲ್ಚರ್‌ನಲ್ಲಿ ಹೀಗೆ ಬಂದಿದೆ, ನಿಮ್ಮ ಅಭಿಪ್ರಾಯ ಬರೆಯಿರಿ ಅಂತಷ್ಟೇ ಕೇಳಬೇಕು. ಉತ್ತರ ಬರುವವರೆಗೆ ಫೈಲ್ ಸುಮ್ನೆ ಕೂತಿರುತ್ತದೆ.

ಡಾಕ್ಟರುಗಳನ್ನು ಬೈಯುವುದು ಸುಲಭ. ಆದರೆ ಕೀಲಿನಲ್ಲಿ ಕೀವು ಅಂದರೆ ತುರ್ತು. ತಡವಾದರೆ ಮೃದ್ವಸ್ಥಿ ಸವೆದು ಕೀಲೇ ಹಾಳಾಗುತ್ತದೆ. ಆ ಹೊತ್ತಿನಲ್ಲಿ ನೀರು ತೆಗೆದು, ಆಂಟಿಬಯಾಟಿಕ್ ಶುರು ಮಾಡುವುದೇ ಮುಖ್ಯ. ಕಲ್ಚರ್‌ಗೆ ದಿನಗಳೇ ಬೇಕು. ನಿಜವಾದ ಎಡವಟ್ಟು ಅದಾದ ಮೇಲೆ. ರಿಪೋರ್ಟ್ ಬಂದಾಗ ಸಮ್ಮರಿಗೆ ಎರಡು ಸಾಲು ಸೇರಿಸುವುದು ಯಾರ ಕೆಲಸ ಅಂತ ಬಹಳ ಕಡೆ ಯಾರಿಗೂ ಗೊತ್ತಿಲ್ಲ. ಸೀನಿಯರ್ ಡಾಕ್ಟರು ಜೂನಿಯರ್ ಮಾಡುತ್ತಾನೆ ಅಂದುಕೊಂಡಿರುತ್ತಾರೆ. ಜೂನಿಯರ್ ಅಷ್ಟರಲ್ಲಿ ಬೇರೆ ವಾರ್ಡಿಗೆ ಹೋಗಿರುತ್ತಾನೆ. ಕಂಪ್ಯೂಟರ್ ಬಂದರೆ ಸರಿಹೋಗುತ್ತದೆ ಅನ್ನುವವರಿದ್ದಾರೆ, ನನಗೆ ನಂಬಿಕೆಯಿಲ್ಲ. ಹಿಂದಿನ ದಿನದ ನೋಟನ್ನೇ ಕಾಪಿ ಮಾಡಿ ಅಂಟಿಸಿದರೆ ತಪ್ಪು ಕಾಲೂ ದಿನದಿನಕ್ಕೆ ನಕಲಾಗುತ್ತಾ ಹೋಗುತ್ತದೆ. ಹೆಸರು ಹೇಳಿ ಒಬ್ಬರಿಗೆ ಈ ಕೆಲಸ ಒಪ್ಪಿಸಲಿ ಅನ್ನುವುದು ಆಸ್ಪತ್ರೆಗಳಿಗೆ ನನ್ನ ಕೋರಿಕೆ.

ಇದು ಬರೀ ದುಡ್ಡಿನ ವಿಷಯವಲ್ಲ. ಈ ಸೋಂಕಿಗೆ ವಾರಗಟ್ಟಲೆ ಆಂಟಿಬಯಾಟಿಕ್ ಬೇಕು. ಜ್ವರ ಮರುಕಳಿಸಿ ರೋಗಿ ಇನ್ನೊಂದು ಆಸ್ಪತ್ರೆಗೆ ಹೋದರೆ, ಅಲ್ಲಿನ ಡಾಕ್ಟರ ಕೈಗೆ ಸಿಗುವುದು ಈ ಸಮ್ಮರಿ ಮಾತ್ರ. ಸೆಫಜೋಲಿನ್‌ನಂಥ ಔಷಧಿ ಎಂಆರ್‌ಎಸ್‌ಎಗೆ ಕೆಲಸ ಮಾಡುವುದಿಲ್ಲ. ಬ್ಯಾಕ್ಟೀರಿಯಾದ ಹೆಸರೇ ಇಲ್ಲದ ಕಾಗದ ಹಿಡಿದು ಅವರೇನು ಮಾಡಬೇಕು?

ಮನೆಗೆ ಹೊರಡುವ ಮುಂಚೆ ಓದುಗರೇ ಸಮ್ಮರಿಯನ್ನು ಒಮ್ಮೆ ನೋಡಿ. ಎಡವೋ ಬಲವೋ ಬರೆದಿದೆಯಾ, ಕಲ್ಚರ್ ಬಾಕಿ ಇದೆಯಾ, ಬಂದ ಮೇಲೆ ತಿಳಿಸುವವರು ಯಾರು, ಕೇಳಿ. ಸಿಡುಕಿದರೂ ಪರವಾಗಿಲ್ಲ, ಬರೆಸಿಕೊಂಡೇ ಹೊರಡಿ.

ಇತಿ,
ಒಬ್ಬ ಮೆಡಿಕಲ್ ಕೋಡರ್